ಮೂರು ಸೋರೆಬುರುಡೆ

ಕೇಳಿ ಮಕ್ಕಳೇ, ಒಂದೇ ಸಲ ಹೇಳುತ್ತೇನೆ.

ಒಂದು ನಾಡು. ಅದಕ್ಕೊಂದು ದೊಡ್ಡ ಕೆರೆ. ದೊರೆ ತೀರಿಕೊಂಡಿದ್ದ. ಮಗ ಹಿರಿಮಲ್ಲ ಪಟ್ಟಕ್ಕೆ ಬರಬೇಕು. ಆಳು ಆನೆಯಂತಿದ್ದ, ನೀರು ಕಂಡರೆ ನಡುಗುತ್ತಿದ್ದ. ಆ ನಾಡಿನ ಕಟ್ಟಳೆಯೋ, ತಿಂಗಳೊಳಗೆ ಕೆರೆ ಈಜಿ ದಾಟಿದರೆ ಕಿರೀಟ. ಇಲ್ಲವಾದರೆ ಅದು ಮಂತ್ರಿಯ ತಲೆಗೆ.

ಮಂತ್ರಿ ದಂಡಪಾಣಿ ಮೊದಲ ದಿನವೇ ಅವನನ್ನು ಕೆರೆಗೆ ತಳ್ಳಿಸಿದ. "ಅರಸು ಮಕ್ಕಳಿಗೆ ಯಾರೂ ಕಲಿಸಬೇಕಿಲ್ಲ. ತಾನೇ ಬರುತ್ತದೆ" ಎಂದ. ಬಂದದ್ದು ನೀರು, ಮೂಗಿನೊಳಕ್ಕೆ. ಎರಡನೆಯ ದಿನವೂ ತಳ್ಳಿಸಿದ. ಮೂರನೆಯ ದಿನವೂ ತಳ್ಳಿಸಿದ. ಹಿರಿಮಲ್ಲನ ಹೊಟ್ಟೆ ನೀರು ತುಂಬಿದ ಕೊಡದ ಹಾಗಾಯಿತು.

ದೋಣಿ ನಡೆಸುವ ಮುದುಕಿ ಸಣ್ಣೀರಮ್ಮ ಇದನ್ನು ನೋಡಿ ಹಿರಿಮಲ್ಲನಿಗೆ ಹೇಳಿದಳು. "ಬುದ್ಧೀ, ಕೆರೆ ಖಾಲಿ ಮಾಡೋದಾದ್ರೆ ಹಿಂಗೇ ಮಾಡಿ. ಈಜೋದಾದ್ರೆ ಬೆನ್ನು ತಿರುಗಿಸಿ."

ಬೆನ್ನಿಗೆ ಮೂರು ಒಣ ಸೋರೆಬುರುಡೆ ಕಟ್ಟಿದಳು. ಗದ್ದದ ಕೆಳಗೆ ಅಂಗೈ ಇಟ್ಟಳು.

"ಕೈ ತೆಗೀಬೇಡ ಕಣಮ್ಮ."

"ತೆಗೆಯಲ್ಲ. ನೀವು ಕಾಲು ಬಡೀರಿ. ಕಪ್ಪೆ ಹಂಗೆ."

ವಾರ ಕಳೆಯಿತು. ಒಂದು ಬುರುಡೆ ಬಿಚ್ಚಿದಳು. ಹಿರಿಮಲ್ಲ ಅತ್ತ, ಕಾಲು ಬಡಿದ, ತೇಲಿದ. ಇನ್ನೊಂದು ವಾರಕ್ಕೆ ಇನ್ನೊಂದು ಬಿಚ್ಚಿದಳು. ಗದ್ದಕ್ಕೆ ಎರಡೇ ಬೆರಳು. ಹಿರಿಮಲ್ಲ ಬೈದ, ಕಾಲು ಬಡಿದ, ತೇಲಿದ. ಮೂರನೆಯ ವಾರ ಕೊನೆಯ ಬುರುಡೆಯೂ ಹೋಯಿತು, ಬೆರಳೂ ಹೋಯಿತು. ಹಿರಿಮಲ್ಲ ಬಾಯಿ ಮುಚ್ಚಿದ, ಕಾಲು ಬಡಿದ, ತೇಲಿದ. ಈಜುವಾಗ ಬಾಯಿ ಬಿಡಬಾರದೆಂದು ಅಷ್ಟರಲ್ಲಿ ತಿಳಿದಿತ್ತು.

ಗಡುವಿನ ದಿನ ಬುರುಡೆಯಿಲ್ಲದೆ ಬರಿ ಮೈಯಲ್ಲಿ ಈಜಿ ಆಚೆ ದಡ ಮುಟ್ಟಿದ.

ಮಂತ್ರಿ ಅಡ್ಡ ಬಂದ. "ಇದು ಲೆಕ್ಕಕ್ಕಿಲ್ಲ. ಕಲಿತದ್ದು ಬುರುಡೆ ಕಟ್ಟಿಕೊಂಡು. ಬುರುಡೆ ಕಟ್ಟಿದರೆ ಯಾರು ಬೇಕಾದರೂ ಈಜುತ್ತಾರೆ."

"ಹೌದಾ ಸ್ವಾಮಿ? ನೀವೂ ಈಜಿಬಿಡಿ" ಎಂದಳು ಮುದುಕಿ.

"ದಾಟಿದರೆ ಕಿರೀಟ ನಿಮ್ಮದೇ" ಎಂದ ಹಿರಿಮಲ್ಲ.

ಮಂತ್ರಿಗೆ ಆಸೆ ತಡೆಯಲಿಲ್ಲ. ಮೂರೂ ಬುರುಡೆ ಬಿಗಿಸಿಕೊಂಡು ಇಳಿದ. ಮುಳುಗಲಿಲ್ಲ. ಮುಂದೆಯೂ ಹೋಗಲಿಲ್ಲ. ಗಾಳಿ ಬೀಸಿದ ಹಾಗೆ ಎಡಕ್ಕೆ ತಿರುಗಿದ, ಬಲಕ್ಕೆ ತಿರುಗಿದ, ಮತ್ತೆ ಎಡಕ್ಕೆ ತಿರುಗಿದ. ಎಮ್ಮೆಯೊಂದು ಬಂದು ಅವನನ್ನು ಮೂಸಿ, ಪಕ್ಕಕ್ಕೆ ಸರಿಸಿ, ಕೆರೆ ದಾಟಿ ಹೋಯಿತು.

"ಕಿರೀಟ ಎಮ್ಮೆಗಾ ಬುದ್ಧೀ?" ಎಂದು ಯಾರೋ ಕೂಗಿದರು.

ಹಿರಿಮಲ್ಲ ಈಜಿ ಹೋಗಿ ಮಂತ್ರಿಯ ಜುಟ್ಟು ಹಿಡಿದು ಎಳೆತಂದ. ಕಿರೀಟ ತೊಟ್ಟ. ಮಂತ್ರಿಯನ್ನು ಮುದುಕಿಯ ದೋಣಿಗೆ ಹುಟ್ಟು ಹಾಕಲು ಕಳಿಸಿದ.

"ನಿಮಗೆ ಈಜು ತಳ್ಳಿ ಕಲಿಸ್ಲಾ, ಹಿಡಿದು ಕಲಿಸ್ಲಾ?" ಎಂದಳು ಸಣ್ಣೀರಮ್ಮ.

"ಹಿಡಿದೇ ಕಲಿಸಮ್ಮ" ಎಂದ ಮಂತ್ರಿ.

ಇಷ್ಟೇ. ಕಲಿಯುವವನನ್ನು ದೂಡಬೇಡಿ. ಆಸರೆ ಕೊಡಿ. ಅವನು ಬಲಿತಂತೆ ಒಂದೊಂದೇ ಬಿಚ್ಚಿ. ಕಾಲು ಮಾತ್ರ ಅವನೇ ಬಡಿಯಬೇಕು. ಏಳಿ, ಹೊತ್ತಾಯಿತು.