ನಿನ್ನೆಯಿಲ್ಲದ ಕೂಗು

ಮೂಕರ ಮೊರೆಯನ್ನೂ ಆಲಿಸುವ ಪರಮಾತ್ಮನಿಗೆ ಶರಣು.

ಚಿರತೆ ಕಂಡಾಗ ಕೂಗಲೆಂದು ಭಗವಂತ ಮುಸುವ ಕೋತಿಗಳಿಗೆ ಒಂದು ಕೂಗು ಕೊಟ್ಟಿದ್ದ. ಒಂದು ತಾಯಿ ಮುಸುವದ ಮರಿಯನ್ನು ಚಿರತೆ ಒಯ್ದಿತು. ಮರುದಿನ ದುಃಖ ಹೇಳಿಕೊಳ್ಳಲು ಬೇರೆ ಕೂಗಿಲ್ಲದೆ ತಾಯಿ ಅದೇ ಕೂಗನ್ನು ಕೂಗಿತು. ಹಿಂಡೆಲ್ಲ ಹೆದರಿ ಮರದ ತುದಿಗೇರಿತು.

"ಎಲ್ಲೇ ಚಿರತೆ? ತೋರಿಸು," ಎಂದಿತು ಹಿರಿಯ ಮುಸುವ. ತಾಯಿ ಮತ್ತೆ ಅದನ್ನೇ ಕೂಗಿತು. "ಇವಳಿಗೆ ತಲೆ ಕೆಟ್ಟಿದೆ," ಎಂದು ಎಲ್ಲವೂ ದೂರ ಸರಿದವು.

ಮರದ ಬುಡದಲ್ಲಿ, ಮಗಳನ್ನು ಕಳೆದುಕೊಂಡ ಹೆಂಗಸೊಬ್ಬಳು ನೆರೆಯವಳಿಗೆ ಹೇಳುತ್ತಿದ್ದಳು: "ಹೋದ ಸುಗ್ಗೀಲಿ ನನ್ನ ಕೆಂಪಿ ಇದೇ ನೆರಳಲ್ಲಿ ಆಡ್ತಿದ್ಲು ಕಣಕ್ಕಾ." ನೆರೆಯವಳು "ಎಲ್ಲಿ, ತೋರಿಸು" ಎನ್ನಲಿಲ್ಲ, ಪಕ್ಕದಲ್ಲಿ ಕೂತು ಅತ್ತಳು.

ಮೇಲಿನಿಂದ ಇದನ್ನು ಕಂಡ ತಾಯಿ ಮುಸುವ ಆಕಾಶಕ್ಕೆ ಮುಖವೆತ್ತಿತು. "ತಂದೆ, ಇಲ್ಲದವರನ್ನು ಕರೆಯುವ ಆ ಮಾತನ್ನು ನನಗೂ ಕೊಡು."

"ಮನುಷ್ಯರಿಗೆ ಮಾತು ಹುಟ್ಟಿದ್ದೇ ಹೋದವರನ್ನು ಕರೆದು ಕರೆದು. ಅದು ಬಂದರೆ ದುಃಖವೂ ದಿನಾ ಮರಳಿ ಬರುತ್ತದೆ, ಮಗಳೇ."

"ಬರಲಿ. ಈಗ ನನ್ನ ಮರಿ ನನ್ನೊಬ್ಬಳಲ್ಲೇ ಇದೆ. ನಾನು ಸತ್ತರೆ ಎಲ್ಲಿರುತ್ತದೆ?"

"ನನ್ನಲ್ಲಿ," ಎಂದ ಭಗವಂತ.

ಮುಸುವ ಮೆಲ್ಲಗೆ ಇಳಿದು, ಅವರ ಮಾತು ಕೇಳುತ್ತ ಆ ಹೆಂಗಸರ ಹಿಂದೆ ಕೂತಿತು.

ಕೇಳಿದ ನಿಮಗೆಲ್ಲ ಒಳ್ಳೆಯದಾಗಲಿ. ಹೋದವರ ಹೆಸರು ನಿಮ್ಮ ಬಾಯಲ್ಲಿ ಬಾಡದಿರಲಿ.