ಮಾವನವರ ಅತ್ತರು

“ಗುರುಗಳೇ, ತನಗೆ ಒಪ್ಪುವ ಮಾತು ಯಾವುದು ಎಂದು ಒಬ್ಬನಿಗೆ ತಿಳಿಯುವುದು ಹೇಗೆ?”

ಕೇಳಿದವನು ಶಿಷ್ಯ ಮಡಿವಾಳಯ್ಯ. ಮರುದಿನ ಬೆಳಿಗ್ಗೆ ಅವನು ಬೇರೆ ಊರಿನ ಮಠಕ್ಕೆ ಒಡೆಯನಾಗಿ ಹೊರಡುವವನಿದ್ದ. ಗುರುಗಳು ಆಡಿದ ಪ್ರತಿಯೊಂದು ಮಾತೂ ಅವನಿಗೆ ಬಾಯಿಪಾಠವಾಗಿತ್ತು. ಎಲ್ಲಿ ತಡೆದು ಮಾತಾಡಬೇಕು, ಎಲ್ಲಿ ದನಿ ಇಳಿಸಬೇಕು, ಯಾವ ಮಾತಿಗೆ ಮುಂಚೆ ಕಣ್ಣು ಮುಚ್ಚಬೇಕು ಎಂಬುದನ್ನೂ ಅವನು ಕಲಿತಿದ್ದ. ಗೋಡೆಯ ಆಚೆ ಕೂತು ಕೇಳಿದವರು ಗುರುಗಳೇ ಮಾತಾಡುತ್ತಿದ್ದಾರೆ ಎನ್ನುತ್ತಿದ್ದರು. ಅದನ್ನು ಅವನು ಹೊಗಳಿಕೆ ಎಂದೇ ತಿಳಿದಿದ್ದ.

“ಕೂತುಕೋ,” ಎಂದರು ಗುರುಗಳು. “ಒಬ್ಬ ಬಟ್ಟೆ ವ್ಯಾಪಾರಿ ತನಗೆ ಒಪ್ಪುವ ಅತ್ತರನ್ನು ಆರಿಸಿಕೊಂಡ ಕತೆ ಹೇಳುತ್ತೇನೆ.”

ಒಂದು ಪೇಟೆಯಲ್ಲಿ ಒಬ್ಬ ಬಟ್ಟೆ ವ್ಯಾಪಾರಿ ಇದ್ದ. ಮನೆಯಲ್ಲಿ ಇದ್ದವರು ಮೂವರು: ಅವನು, ಅವನ ತಂದೆ, ಅವನ ಹೆಂಡತಿ. ತಂದೆ ಪೇಟೆಗೆಲ್ಲ ದೊಡ್ಡ ಸಾವಕಾರ. ಆತ ಮಿಂದು, ರುಮಾಲು ಸುತ್ತಿ, ಒಂದು ಎಳೆ ಅರಳೆಯನ್ನು ಕೇದಗೆಯ ಅತ್ತರಿನಲ್ಲಿ ಅದ್ದಿ ಕಿವಿಯಲ್ಲಿ ಸಿಕ್ಕಿಸಿಕೊಳ್ಳದೆ ಹೊಸ್ತಿಲು ದಾಟಿದವನಲ್ಲ. ಕೇದಗೆ ಮೆತ್ತಗೆ ನಡೆಯುವ ಪರಿಮಳವಲ್ಲ. ಸಾವಕಾರ ಓಣಿಯ ಆ ತುದಿಯಲ್ಲಿರುವಾಗಲೇ ಅದು ಈ ತುದಿಗೆ ಬಂದು ನಿಲ್ಲುತ್ತಿತ್ತು. ಅಂಗಡಿಯ ಆಳುಗಳು ಬಾಯಲ್ಲಿನ ತಂಬಾಕು ಉಗಿದು, ಬಟ್ಟೆಯ ಥಾನುಗಳನ್ನು ನೆಟ್ಟಗೆ ಮಾಡಿ, ಎದ್ದು ನಿಲ್ಲುತ್ತಿದ್ದರು. ಮನೆಯಲ್ಲಿ ಸೊಸೆ ತಲೆಯ ಮೇಲೆ ಸೆರಗು ಎಳೆದುಕೊಂಡು ಬಾಗಿಲ ಮರೆಗೆ ಸರಿಯುತ್ತಿದ್ದಳು. ಬೇರೆ ಮನೆಗಳ ಹಿರಿಯರು ಒಳಗೆ ಬರುವ ಮುನ್ನ ಕೆಮ್ಮುತ್ತಿದ್ದರು. ಈ ಮನೆಯ ಹಿರಿಯ ಕೆಮ್ಮಬೇಕಾಗಿರಲಿಲ್ಲ.

ಮಾವನ ಎದುರು ನಿಂತು ಆ ಸೊಸೆ ಮಾತಾಡಿದವಳಲ್ಲ. ಹೇಳಬೇಕಾದದ್ದನ್ನು ಬಾಗಿಲ ಹಿಂದಿನಿಂದ, ಕಂಬಕ್ಕೆ ಹೇಳಿದ ಹಾಗೆ ಹೇಳುತ್ತಿದ್ದಳು: “ಊಟಕ್ಕ ಏಳಬೇಕಂತ.” ಗಂಡನ ಮುಂದೆ ಹಾಗಲ್ಲ. ಅವನು ಮನೆಯೊಳಗೆ ಕಾಲಿಟ್ಟರೆ ಸಾಕು, ಅವಳ ನಾಲಗೆ ಸಡಿಲಾಗುತ್ತಿತ್ತು. “ಊರಿಗೆಲ್ಲಾ ಸೀರಿ ಅಳದು ಕೊಡ್ತೀರಿ. ನಿಮ್ಮ ಧೋತರ ನೋಡ್ಕೊಳ್ರಿ, ಒಂದು ಅಂಚು ಮುಗಿಲಿಗೆ, ಒಂದು ಅಂಚು ನೆಲಕ್ಕ,” ಎನ್ನುತ್ತಿದ್ದಳು. ಅವನ ದಿನದ ದಣಿವು ಇಳಿಯುತ್ತಿದ್ದುದು ಅಲ್ಲಿ.

ತಂದೆ ತೀರಿಕೊಂಡ. ಮಗ ಗಾದಿಯ ಮೇಲೆ ಕೂತ. ಕೂತ ಮೇಲೆ ಅವನಿಗೆ ತಿಳಿಯಿತು, ಗಾದಿ ಬಂದಿದೆ, ಗೌರವ ಬಂದಿಲ್ಲ. ಆಳುಗಳು ಕೂತಲ್ಲಿಂದಲೇ ಉತ್ತರ ಕೊಟ್ಟರು. ಗಿರಾಕಿಗಳು ಅವನ ಹೆಗಲ ಮೇಲಿಂದ ಒಳಗೆ ಇಣುಕಿ, “ದೊಡ್ಡವರು ಇದ್ದಾಗಿನ ಮಾಲು ಎಲ್ಲೈತಿ?” ಎಂದು ಕೇಳಿದರು. ಮಾಲು ಅದೇ ಇತ್ತು.

ಒಂದು ಹಬ್ಬದ ದಿನ ಅವನು ತಂದೆಯ ರುಮಾಲಿಗಾಗಿ ಪೆಟ್ಟಿಗೆ ತೆರೆದ. ಅತ್ತರಿನ ಸೀಸೆ ಕೈಗೆ ಸಿಕ್ಕಿತು. ಒಂದು ಎಳೆ ಅರಳೆ ಅದ್ದಿ ಕಿವಿಯಲ್ಲಿ ಸಿಕ್ಕಿಸಿಕೊಂಡು ಅಂಗಡಿಗೆ ನಡೆದ. ಅವನು ಮೆಟ್ಟಿಲು ಹತ್ತುವಷ್ಟರಲ್ಲಿ ಆಳುಗಳು ಸಾಲಾಗಿ ಎದ್ದು ನಿಂತಿದ್ದರು. ಹಳೆಯ ಗಿರಾಕಿಯೊಬ್ಬ ಕಣ್ಣು ಒರೆಸಿಕೊಂಡು, “ದೊಡ್ಡ ಸಾವಕಾರ್ರ ಬಂದು ಕುಂತಂಗ ಆತು,” ಎಂದ. ಹೇಳಿದ ಬೆಲೆಗೆ ಸೀರೆ ಕಟ್ಟಿಸಿಕೊಂಡು ಹೋದ.

ನನಗೆ ಒಪ್ಪುವ ಅತ್ತರು ಇದೇ, ಎಂದುಕೊಂಡ ವ್ಯಾಪಾರಿ.

ಅಂದು ಸಂಜೆ ಅವನು ಮನೆಗೆ ಬಂದ. ಹೆಂಡತಿ ತಲೆಯ ಮೇಲೆ ಸೆರಗು ಎಳೆದುಕೊಂಡು ಬಾಗಿಲ ಮರೆಗೆ ಸರಿದಳು.

“ಬಂದಾಂವ ನಾನು. ಯಾರಿಗೆ ಅಡಗತಿ?” ಎಂದು ಅವನು ನಕ್ಕ.

ಅವಳೂ ನಕ್ಕಳು. “ನಾ ಏನು ಮಾಡ್ಲಿ? ಮೂಗಿಗೆ ಬಡೀತು, ಕೈ ತಾನ ಸೆರಗಿಗೆ ಹೋತು.”

ನಾಲ್ಕು ದಿನಕ್ಕೆ ರೂಢಿಯಾಗುತ್ತದೆ ಎಂದು ಅವನು ಬಿಟ್ಟುಬಿಟ್ಟ. ರೂಢಿಯಾಗಲಿಲ್ಲ. ನಗು ಹೋಯಿತು, ಸೆರಗು ಉಳಿಯಿತು. ಅವಳು ಬಡಿಸಿ ದೂರ ಸರಿದು ನಿಂತಳು. ಅವಳ ಮಾತು ಮತ್ತೆ ಕಂಬದ ಪಾಲಾಯಿತು. ಅವನೂ ಬದಲಾಗಿದ್ದ. ನೀರು ಬೇಕಾದರೆ ತಂದೆ ಅನ್ನುತ್ತಿದ್ದಂತೆ “ನೀರು” ಎಂದಷ್ಟೇ ಅನ್ನುತ್ತಿದ್ದ. ಮನೆಯಲ್ಲಿ ಸದ್ದಿಲ್ಲದ್ದು ಅವನಿಗೆ ಹಿಡಿಸಲಿಲ್ಲ. ಆದರೂ ಮನೆತನ ಅಂದ ಮೇಲೆ ಹೀಗೆಯೇ ಇರಬೇಕು ಎಂದು ತನಗೆ ತಾನೇ ಹೇಳಿಕೊಂಡ. ಅದೂ ತಂದೆಯ ಮಾತೇ.

ಸೀಸೆ ಬರಿದಾಯಿತು. ಅವನು ಅತ್ತರಿನ ಅಂಗಡಿಗೆ ಹೋಗಿ ಅದನ್ನೇ ಕೇಳಿದ. ಅಂಗಡಿಯವ, “ನಿಮ್ಮ ವಯಸ್ಸಿಗೆ ಬ್ಯಾರೆ ಏನರ ನೋಡೂಣೇನ್ರಿ?” ಎಂದ. ವ್ಯಾಪಾರಿ ಕೈ ಅಡ್ಡ ಮಾಡಿ ಕೇದಗೆಯ ಸೀಸೆಯನ್ನೇ ತೋರಿಸಿದ.

ಕೆಲವು ವಾರ ಕಳೆದವು. ಒಬ್ಬ ಮುದುಕಿ ಅಂಗಡಿಗೆ ಬಂದಳು. ಬಸುರಿ ಮಗಳ ಕುಬಸದ ಶಾಸ್ತ್ರಕ್ಕೆ ಅವಳಿಗೆ ಹಸಿರು ಸೀರೆ ಬೇಕಾಗಿತ್ತು. ವ್ಯಾಪಾರಿ ಒಂದರ ಮೇಲೊಂದು ಸೀರೆ ಬಿಚ್ಚಿ ಹರವಿದ. ಮುದುಕಿ ಒಂದನ್ನು ಆರಿಸಿ, ಇನ್ನೊಂದನ್ನು ಅವನ ಕಡೆಗೆ ತಳ್ಳಿ ನಕ್ಕಳು.

“ಇದನ್ನ ಮಾರಬ್ಯಾಡ್ರಿ ಸಾವಕಾರ್ರ. ತಗದು ಇಡ್ರಿ. ಎರಡು ತಿಂಗಳಿಗೆ ನಿಮ್ಮ ಮನಿಗೇ ಬೇಕಾಗ್ತದ.”

“ನಮ್ಮ ಮನಿಗೆ ಯಾಕ?”

“ಅಯ್ಯ, ಓಣಿ ಹೆಂಗಸರಿಗೆಲ್ಲಾ ಗೊತ್ತೈತಿ. ನಿಮಗ ಗೊತ್ತಿಲ್ಲೇನು? ನೀವೇನು ಮನ್ಯಾಗ ಇರ್ತೀರೋ ಇಲ್ಲೋ?”

ಆಳುಗಳು ಥಾನುಗಳ ಹಿಂದೆ ಮುಖ ಮರೆಸಿಕೊಂಡರು. ಊರಿನ ಬಸುರಿಯರಿಗೆಲ್ಲ ಹಸಿರು ಸೀರೆ ಕೊಟ್ಟವನಿಗೆ ತನ್ನ ಹೆಂಡತಿ ಬಸುರಿ ಎಂಬುದು ಗಿರಾಕಿಯ ಬಾಯಿಂದ ತಿಳಿಯಿತು. ವ್ಯಾಪಾರಿ ಕೈಯಲ್ಲಿದ್ದ ಸೀರೆಯನ್ನು ಮಡಿಸಲಿಲ್ಲ. ಎದ್ದು ಮನೆಗೆ ನಡೆದ.

ಹೆಂಡತಿ ಬಾಗಿಲ ಮರೆಯಲ್ಲಿದ್ದಳು. ಅವನು ಅಲ್ಲಿಗೇ ಹೋಗಿ ನಿಂತ.

“ನನಗ ಯಾಕ ಹೇಳಲಿಲ್ಲ?”

ಅವಳು ಸೆರಗನ್ನು ಇನ್ನಷ್ಟು ಮುಂದಕ್ಕೆ ಎಳೆದುಕೊಂಡಳು. “ಹೇಳಬೇಕಂತ ದಿನಾ ಬಾಗಿಲ ತನಕ ಬರ್ತಿದ್ದೆ. ಕೇದಗಿ ಮೂಗಿಗೆ ಬಂದಕೂಡ್ಲೆ ಬಾಯಿ ಕಟ್ತಿತ್ತು. ಇಂಥಾ ಮಾತು ಮಾವನವರ ಮುಂದ ಹೆಂಗ ಹೇಳೂದು?”

ಅವನು ಕಿವಿಯಲ್ಲಿದ್ದ ಅರಳೆಯನ್ನು ಕಿತ್ತು ಬಚ್ಚಲಿಗೆ ಎಸೆದ. ಸೆರಗು ಇಳಿಯಲಿಲ್ಲ. ಅತ್ತರು ಅರಳೆಯಲ್ಲಷ್ಟೇ ಇರಲಿಲ್ಲ.

ಮರುದಿನ ಅವನು ಅತ್ತರಿನ ಅಂಗಡಿಗೆ ಹೋಗಿ, ಹೊಸದೊಂದು ಕೊಡು ಎಂದ. ಅಂಗಡಿಯವ ಗುಲಾಬಿಯ ಅತ್ತರನ್ನು ಮುಂಗೈಗೆ ಸವರಿದ. ವ್ಯಾಪಾರಿ ಮೂಸಿ ನೋಡಿದ: ಕೇದಗೆ. ಮಲ್ಲಿಗೆಯ ಅತ್ತರು ಸವರಿದ: ಕೇದಗೆ. ಹಳೆಯದು ಮೈಮೇಲಿರುವ ತನಕ ಹೊಸದನ್ನು ಆರಿಸಲಾಗದು ಎಂದುಕೊಂಡು ವ್ಯಾಪಾರಿ ಎದ್ದುಬಂದ. ರುಮಾಲು, ಅಂಗಿ, ಹಾಸಿಗೆ ಎಲ್ಲವನ್ನೂ ಒಗೆಸಿದ. ಗಾದಿಯ ಬಟ್ಟೆಯನ್ನು ಬದಲಿಸಿದ. ಯಾವ ಪರಿಮಳವೂ ಇಲ್ಲದೆ ಅಂಗಡಿಯಲ್ಲಿ ಕೂತ.

ಆ ದಿನಗಳು ಸುಲಭವಾಗಿರಲಿಲ್ಲ. ಆಳುಗಳು ಮತ್ತೆ ಕಾಲು ಚಾಚಿದರು. ಈ ಸಲ ಅವನು ಒಂದೇ ಸಲ ಹೇಳಿದ, ಗಟ್ಟಿಯಾಗಿ ಹೇಳಲಿಲ್ಲ. ಎರಡನೆಯ ಸಲ ಹೇಳಿಸಿಕೊಂಡವನನ್ನು ಕೆಲಸದಿಂದ ಬಿಡಿಸಿದ. ಗಿರಾಕಿಯೊಬ್ಬ ಬೆಲೆಗೆ ಜಗ್ಗಾಡಿ, “ನಿಮ್ಮಪ್ಪ ಆಗಿದ್ರ ಕೊಡತಿದ್ರು,” ಎಂದ.

“ಕೊಡತಿದ್ರು. ನಾ ಕೊಡೂದಿಲ್ಲ,” ಎಂದ ವ್ಯಾಪಾರಿ.

ಗಿರಾಕಿ ಎದ್ದು ಹೋದ. ಪೇಟೆಯೆಲ್ಲ ತಿರುಗಿ, ಸಂಜೆಗೆ ಮರಳಿ ಬಂದು ಅದೇ ಬೆಲೆಗೆ ಅದೇ ಸೀರೆ ಕೊಂಡ. ಹೋಗುವಾಗ ದೊಡ್ಡ ಸಾವಕಾರರ ಹೆಸರು ಎತ್ತಲಿಲ್ಲ.

ಮನೆಯಲ್ಲಿ ಸೆರಗು ಬೆರಳು ಬೆರಳಷ್ಟೇ ಹಿಂದಕ್ಕೆ ಸರಿಯಿತು. ಹೆಂಡತಿ ಬಾಗಿಲ ಈಚೆಗೆ ಬಂದಳು. ಧೋತರದ ಅಂಚಿನ ಮಾತು ಮತ್ತೆ ಬಂತು. ಆ ಒಂದು ಸುದ್ದಿಯನ್ನು ಮಾತ್ರ ಅವಳು ಎತ್ತಲಿಲ್ಲ. ಅವನೂ ಕೇಳಲಿಲ್ಲ. ಸುದ್ದಿ ಅವನಿಗೆ ಗೊತ್ತಿತ್ತು. ಅವಳ ಬಾಯಿಂದ ಕೇಳುವುದು ಉಳಿದಿತ್ತು.

ಆಗ ಅವನು ಹೊಸ ಅತ್ತರನ್ನು ಆರಿಸಲು ಹೊರಟ. ಒಂದು ದಿನ ಗುಲಾಬಿ ಹಾಕಿಕೊಂಡು ಮನೆಗೆ ಬಂದ. ಅವಳು ಅಡುಗೆಮನೆಯಿಂದಲೇ, “ಯಾರ ಮದುವಿಗೆ ಹೋಗಿದ್ರಿ? ನನ್ನ ಬಿಟ್ಟು ಹೋದ್ರಲ್ಲ,” ಎಂದಳು. ಇನ್ನೊಂದು ದಿನ ಮಲ್ಲಿಗೆ ಹಾಕಿಕೊಂಡು ಬಂದ. “ಈ ಮಲ್ಲಿಗಿ ಯಾರ ತುರುಬಿಂದು?” ಎಂದು ಸಟ್ಟುಗ ಹಿಡಿದೇ ಹೊರಗೆ ಬಂದಳು. ಅವನು ನಕ್ಕ. ನಗುತ್ತಲೇ ಅವನಿಗೆ ಒಂದು ವಿಷಯ ಹೊಳೆಯಿತು. ಪ್ರತಿ ಸಲವೂ ಅವನಿಗಿಂತ ಮೊದಲು ಬೇರೆ ಯಾರೋ ಮನೆಯೊಳಗೆ ಬರುತ್ತಿದ್ದರು.

ಅವನು ಅತ್ತರಿನ ಅಂಗಡಿಗೆ ಹೋದ. ಈಗ ಅವನಿಗೆ ಏನು ಬೇಕೆಂಬುದು ಗೊತ್ತಿತ್ತು.

“ನನಗಿಂತ ಮುಂದ ನಡಿಯೂದು ಬ್ಯಾಡ. ನನ್ನ ಜೋಡಿ ಬರೂದು ಕೊಡು.”

ಅಂಗಡಿಯವ ನಕ್ಕ. “ಸಾವಕಾರ್ರ, ಎಲ್ಲಾರೂ ನಾಕು ಮನಿ ಆಚೆ ತನಕ ಹೋಗೂದು ಬೇಡ್ತಾರ. ನೀವು ಉಲ್ಟಾ ಬೇಡಾಕತ್ತೀರಿ. ಹಿಂಗ ಕೇಳಿದ್ರ ನನ್ನ ವ್ಯಾಪಾರ ಹೆಂಗ ನಡೀಬೇಕು?”

“ನಿನ್ನ ವ್ಯಾಪಾರ ನೀ ನೋಡ್ಕೊ. ನನಗ ನಾ ಕೇಳಿದ್ದು ಕೊಡು.”

ಒಂದೊಂದಾಗಿ ಸೀಸೆಗಳನ್ನು ತೆರೆಯಿಸಿದ. ಒಂದನ್ನು ಮುಂಗೈಗೆ ಸವರಿಸಿಕೊಂಡು, ಕೈಯನ್ನು ಚಾಚಿ ಹಿಡಿದ. ಪರಿಮಳ ಬರಲಿಲ್ಲ. ಕೈಯನ್ನು ಎದೆಯ ಹತ್ತಿರಕ್ಕೆ ತಂದ. ಬಂತು. ಒದ್ದೆ ಮಣ್ಣಿನಂಥ, ತಂಪಾದ ಲಾವಂಚದ ಬೇರಿನ ಅತ್ತರು. ಅದನ್ನೇ ಕೊಂಡ.

ಆ ಸಂಜೆ ಹೆಂಡತಿ ಒಲೆಯ ಮುಂದೆ ರೊಟ್ಟಿ ಬಡಿಯುತ್ತಿದ್ದಳು. ಅವನು ಬಂದು ಪಕ್ಕದಲ್ಲಿ ಕೂತ. ಅವಳು ಬೆಚ್ಚಿ ತಿರುಗಿದಳು. ಹಿಟ್ಟಿನ ಕೈ ಸೆರಗಿಗೆ ಹೋಗಲಿಲ್ಲ.

“ಯಾವಾಗ ಬಂದ್ರಿ? ಗೊತ್ತೇ ಆಗಲಿಲ್ಲ.” ಒಮ್ಮೆ ಉಸಿರೆಳೆದುಕೊಂಡು, “ಇದು ಯಾರದ್ದು?” ಎಂದಳು.

“ನಂದು.”

ಅವಳು ಇನ್ನೊಮ್ಮೆ ಮೂಸಿದಳು. ಹೌದೆನ್ನುವಂತೆ ತಲೆಯಾಡಿಸಿದಳು. ಒಲೆಯ ಮೇಲಿನ ರೊಟ್ಟಿಯನ್ನು ಮಗುಚಿ ಹಾಕಿ, “ನಿಮಗೊಂದು ಮಾತು ಹೇಳೂದೈತಿ,” ಎಂದಳು.

ಊರಿಗೆಲ್ಲ ಗೊತ್ತಿದ್ದ ಆ ಮಾತನ್ನು ವ್ಯಾಪಾರಿ ಅಂದು ಮೊದಲ ಸಲ ಕೇಳಿದ.

ಇಷ್ಟು ಹೇಳಿ ಗುರುಗಳು ನಿಲ್ಲಿಸಿದರು.

ಮಡಿವಾಳಯ್ಯ ಕೈ ಜೋಡಿಸಿದ. ಒಂದು ಕ್ಷಣ ಕಣ್ಣು ಮುಚ್ಚಿದ. ದನಿ ಇಳಿಸಿದ. ಎಲ್ಲಿ ತಡೆಯಬೇಕೋ ಅಲ್ಲಿ ತಡೆದ.

“ಅರ್ಥವಾಯಿತು ಗುರುಗಳೇ. ನಾಳೆ ಆ ಪೀಠದಲ್ಲಿ ಕೂತು ನಾನು ಆಡುವ ಮೊದಲ ಮಾತು ಇದೇ ಕತೆ. ತಾವು ಹೇಳಿದ ಹಾಗೆಯೇ, ಒಂದಕ್ಷರವನ್ನೂ ಬಿಡದೆ ಹೇಳುತ್ತೇನೆ.”

ಗುರುಗಳು ಹೊದ್ದಿದ್ದ ಕಾವಿಯನ್ನು ತಲೆಯ ಮೇಲಕ್ಕೆ ಎಳೆದುಕೊಂಡು, ಪಕ್ಕದ ಕಂಬಕ್ಕೆ ಹೇಳಿದರು:

“ಮೊದಲು ಕಿವಿಯಲ್ಲಿರುವ ಅರಳೆ ತೆಗೆಯಬೇಕಂತೆ.”

ಮಡಿವಾಳಯ್ಯನ ಕೈ ಕಿವಿಯವರೆಗೆ ಹೋಗಿ ಅಲ್ಲಿಯೇ ನಿಂತಿತು.