ಹಲ್ಲವ್ವನ ಕೊಂಡಿ ಬಾಲ

ಆಗ ಭೂಮಿ ಇನ್ನೂ ಹಸಿಹಸಿಯಾಗಿತ್ತು. ಎಲ್ಲಿ ಕೂರಬೇಕೆಂದು ತೀರ್ಮಾನವಾಗದೆ ಬೆಟ್ಟಗಳು ಅತ್ತಿತ್ತ ಸರಿದಾಡುತ್ತಿದ್ದವು. ಪ್ರಾಣಿಗಳಿಗೆ ತಲೆ ಇತ್ತು, ಹೊಟ್ಟೆ ಇತ್ತು, ಕಾಲಿತ್ತು. ಬಾಲ ಮಾತ್ರ ಇರಲಿಲ್ಲ.

ಬಾಲ ಬೇಕಾದವರು ಕೆಂಚಜ್ಜಿಯ ಕಾರ್ಖಾನೆಗೆ ಹೋಗಬೇಕಿತ್ತು. ನದಿ ದಿನವೂ ಒಂದಿಷ್ಟು ಒಗ್ಗುಮಣ್ಣು ತಂದು ಬಾಗಿಲಲ್ಲಿ ಸುರಿಯುತ್ತಿತ್ತು. ಗಾಳಿ ಒಲೆಗೆ ತಿದಿ ಒತ್ತುತ್ತಿತ್ತು. ಕೆಂಚಜ್ಜಿ ಮಣ್ಣು ನಾದಿ, ಅಚ್ಚಿಗೆ ಹಾಕಿ, ಹದವಾಗಿ ಬೇಯಿಸುತ್ತಿದ್ದಳು.

ಅಚ್ಚಿನಿಂದ ಬಂದಾಗ ಎಲ್ಲ ಬಾಲಗಳೂ ಒಂದೇ ಥರ, ಎಳೆ ಸೌತೆಕಾಯಿಯ ಹಾಗೆ. ಆದರೆ ಒಗ್ಗುಮಣ್ಣಿನ ಮಾಯೆಯೇ ಬೇರೆ. ಯಾರ ಮೈಗೆ ಅಂಟಿತೋ ಮೂರು ದಿನ ಅವರ ಕಷ್ಟಸುಖ ನೋಡಿ, ಆಮೇಲೆ ಬೇಕಾದ ಹಾಗೆ ಬೆಳೆಯುತ್ತಿತ್ತು. ಹಸುವಿಗೆ ನೊಣದ ಕಾಟ ಎಂದು ಗೊತ್ತಾಗಿ ಕುಚ್ಚು ಬಿಟ್ಟಿತು. ಕೋತಿಗೆ ಎರಡು ಕೈ ಸಾಲದೆಂದು ಮೂರನೆಯ ಕೈಯಾಯಿತು.

ಕಾರ್ಖಾನೆಗೆ ಒಂದು ಕಟ್ಟಳೆ ಇತ್ತು. ಯಾವ ಬಾಲವೂ ಪರೀಕ್ಷೆಯಾಗದೆ ಹೊಸ್ತಿಲು ದಾಟುವಂತಿಲ್ಲ. ಪರೀಕ್ಷೆ ಮಾಡುವ ಕೆಲಸ ಹಲ್ಲಿಯದು. ಎಲ್ಲರೂ ಅವಳನ್ನು ಹಲ್ಲವ್ವ ಎನ್ನುತ್ತಿದ್ದರು. ಅವಳ ಬೆನ್ನ ತುದಿಗೆ ಒಂದು ಪುಟ್ಟ ಕೊಂಡಿ. ಬೆಳಿಗ್ಗೆ ಬಾಲ ಸಿಕ್ಕಿಸಿಕೊಂಡು ಗೋಡೆ ಹತ್ತುವಳು, ಇಳಿಯುವಳು, ಬೀಸಿ ನೋಡುವಳು. ಸಂಜೆ ಕಳಚಿ ಕೊಡುವಳು. ಚೆನ್ನಾಗಿದ್ದರೆ "ಲೊಚ್ ಲೊಚ್" ಎನ್ನುವಳು. ಚೆನ್ನಾಗಿಲ್ಲದಿದ್ದರೆ ಸುಮ್ಮನಿರುವಳು. ದಿನಕ್ಕೊಂದೇ ಬಾಲ. ಯಾರಿಗೂ ಅವಸರವಿರಲಿಲ್ಲ, ಅವಸರ ಇನ್ನೂ ಹುಟ್ಟಿರಲಿಲ್ಲ.

ಬಾಲ ಕಳಚಿದ ಕೂಡಲೇ ಹಲ್ಲವ್ವ ತೂಕ ತಪ್ಪಿ ಗೋಡೆಯಿಂದ ದೊಪ್ಪನೆ ಬೀಳುತ್ತಿದ್ದಳು.

"ಅಜ್ಜಿ, ನನಗೆ ಯಾವಾಗ?"

"ಮನೆಯವರು ಯಾವಾಗಲೂ ಕೊನೆಯ ಪಂಕ್ತಿಗೇ ಕಣೇ ಕೂರೋದು. ತಡಿ."

ಹಲ್ಲವ್ವ ತಡೆದಳು. ಆನೆ ಹೋಯಿತು, ಅಳಿಲು ಹೋಯಿತು, ಹುಲಿ ಹೋಯಿತು. ಒಂದು ದಿನ ನದಿ ಹೇಳಿತು, "ಅಜ್ಜಿ, ಮಣ್ಣು ಮುಗೀತು. ಇದು ಕೊನೇ ಮುದ್ದೆ. ನಾನಿನ್ನು ಸಮುದ್ರ ನೋಡಿ ಬರ್ತೀನಿ."

ಆ ಮುದ್ದೆಯಿಂದ ಹಲ್ಲವ್ವನ ಬಾಲ ಆಯಿತು. ಅವಳು ಅದನ್ನು ಸಿಕ್ಕಿಸಿಕೊಂಡು ಗೋಡೆಯಿಡೀ ಓಡಾಡಿದಳು, ಮಣ್ಣಿನ ಗಡಿಗೆಯೊಳಗೆ ಸುತ್ತಿಕೊಂಡು ಮಲಗಿದಳು. ಮೂರು ದಿನವಾದರೆ ಅಜ್ಜಿ ಅದನ್ನು ಬಿಡದ ಹಾಗೆ ಬೆಸೆಯುವವಳು.

ಎರಡನೆಯ ದಿನ ನಾಯಿ ಬಂದಿತು.

"ಇಷ್ಟು ದಿನ ಎಲ್ಲಿ ಹಾಳಾಗಿ ಹೋಗಿದ್ದೆಯೋ?" ಎಂದಳು ಕೆಂಚಜ್ಜಿ.

"ದಿನಾ ಬರ್ತಾನೇ ಇದ್ದೆ ಅಜ್ಜಿ. ಸಾಲಲ್ಲಿ ನಿಂತ್ರೆ ಸಾಕು, ಕಚ್ಚೋಕೆ ಬಂದ ಅಂತ ಒದ್ದು ಓಡಿಸ್ತಿದ್ರು. ಖುಷಿಯಾಗಿದೀನಿ ಅಂತ ಹೇಳೋಣ ಅಂದ್ರೆ, ಬಾಯಿ ತೆರೆದ ತಕ್ಷಣ ಹಲ್ಲೇ ಕಾಣುತ್ತೆ. ನಾನೇನ್ ಮಾಡ್ಲಿ?"

"ಮಣ್ಣು ಮುಗೀತಲ್ಲಪ್ಪ."

ನಾಯಿ ಗೋಡೆಯ ಕಡೆ ನೋಡಿತು. "ಅಕ್ಕ, ಬಾಲ ಚೆನ್ನಾಗಿದೆಯಾ?"

ಸುಮ್ಮನಿದ್ದರೆ ಕೆಟ್ಟ ಬಾಲ ಎಂದಂತಾಗುತ್ತಿತ್ತು. ಸುಳ್ಳು ಹೇಳಿ ಹಲ್ಲವ್ವನಿಗೆ ಅಭ್ಯಾಸವಿರಲಿಲ್ಲ. "ಲೊಚ್ ಲೊಚ್," ಎಂದಳು.

"ನಿಮಗಾದ್ರೂ ಸಿಕ್ತಲ್ಲ. ಒಳ್ಳೇದಾಯ್ತು," ಎಂದು ನಾಯಿ ಮನಸಾರೆ ನಕ್ಕಿತು. ಅಷ್ಟು ಹಲ್ಲು ಕಂಡು ಗಾಳಿ ತಿದಿ ಬಿಟ್ಟು ಕಿಟಕಿಯಿಂದ ಹಾರಿತು. ನಾಯಿ ಬಾಯಿ ಮುಚ್ಚಿಕೊಂಡು, ಮೆಲ್ಲಗೆ ಬಾಗಿಲ ಕಡೆ ತಿರುಗಿತು.

ಹಲ್ಲವ್ವ ಆ ಬೋಳು ಬೆನ್ನು ನೋಡಿದಳು. ಗೋಡೆಗೆ ಗಟ್ಟಿಯಾಗಿ ಅಂಟಿಕೊಂಡಳು. ಕೊಂಡಿ ಕಳಚಿದಳು.

ಬಾಲ ನೆಲಕ್ಕೆ ಬಿದ್ದು ಪಟಪಟ ಹೊಡೆದುಕೊಂಡಿತು. ಹಿಂದೆಯೇ ಹಲ್ಲವ್ವನೂ ದೊಪ್ಪನೆ ಬಿದ್ದಳು.

"ಅಂಟಿಸು ಅಜ್ಜಿ, ಅವನಿಗೆ. ನನ್ನನ್ನ ಮತ್ತೆ ಕೇಳಬೇಡ, ಮನಸ್ಸು ಬದಲಾಗುತ್ತೆ."

ಬಾಲ ಆಗಲೇ ಗಡಿಗೆಯ ಡೊಂಕು ಕಲಿತುಬಿಟ್ಟಿತ್ತು. ಕೆಂಚಜ್ಜಿ ನೇರ ಮಾಡಲು ನೋಡಿದಳು, ಆಗಲಿಲ್ಲ. ಹಾಗೇ ಬೆಸೆದಳು. ನಾಯಿ ಖುಷಿಪಟ್ಟಿತು, ಬಾಲ ಮತ್ತೆ ಪಟಪಟ ಹೊಡೆದುಕೊಂಡಿತು. ಗಾಳಿ ಕಿಟಕಿಯಲ್ಲಿ ಇಣುಕಿ, "ಓ, ನಗ್ತಿದಾನೆ," ಎಂದಿತು.

ಮಾರನೆಯ ಬೆಳಿಗ್ಗೆ ಹಲ್ಲವ್ವನ ಬೆನ್ನು ತುರಿಸತೊಡಗಿತು. ಅಜ್ಜಿ ನೋಡಿದರೆ, ಕೊಂಡಿಯಲ್ಲಿ ಅಕ್ಕಿಕಾಳಿನಷ್ಟು ಮೊಳಕೆ. ಅವಳು ಸಿಕ್ಕಿಸಿ ತೆಗೆದ ಒಂದೊಂದು ಬಾಲವೂ ಒಂದೊಂದು ಚೂರು ಒಗ್ಗುಮಣ್ಣು ಅಲ್ಲಿ ಉಳಿಸಿಹೋಗಿತ್ತು. ಆನೆಯದು, ಅಳಿಲಿನದು, ಹುಲಿಯದು. ಆ ಮಣ್ಣಿಗೆ ಯಾರ ಕಷ್ಟ ನೋಡಬೇಕೆಂದು ಈಗ ಗೊತ್ತಾಗಿತ್ತು. ಹುಣ್ಣಿಮೆಯ ಹೊತ್ತಿಗೆ ಪೂರ್ತಿ ಬಾಲ ಬಂದಿತ್ತು.

"ಬಾ, ಈ ಸಲ ಬೆಸೆದುಬಿಡ್ತೀನಿ," ಎಂದಳು ಕೆಂಚಜ್ಜಿ.

"ಬೇಡಜ್ಜಿ, ಕೊಂಡಿ ಇರಲಿ. ಇನ್ನೂ ಯಾರಾದ್ರೂ ತಡವಾಗಿ ಬಂದ್ರೆ?"

ಅದಕ್ಕೇ ಕಂದ, ಬೆಕ್ಕು ಹಿಡಿದರೆ ಹಲ್ಲಿ ಇವತ್ತಿಗೂ ಬಾಲ ಬಿಟ್ಟುಕೊಟ್ಟು ಹೋಗುತ್ತದೆ, ಬಿದ್ದ ಬಾಲ ನಾಯಿಯ ಬಾಲದ ಹಾಗೆ ಪಟಪಟ ಆಡುತ್ತದೆ. ಮತ್ತೆ ನಾವು ಏನಾದರೂ ಮಾತಾಡುವಾಗ ಗೋಡೆಯ ಮೇಲಿಂದ "ಲೊಚ್ ಲೊಚ್" ಎಂದು ಕೇಳಿಸಿದರೆ, ದೊಡ್ಡವರು ನೆಲ ಮುಟ್ಟಿ "ನೋಡು, ಹಲ್ಲಿ ನುಡೀತು, ನಿಜ" ಎನ್ನುತ್ತಾರೆ.